ಮನೆ ಗೋಡೆ ಬೀಳುವ ಆ ಸೀನ್ ನೋಡಿ ನನಗೆ ನಗುವೇ ಬರಲಿಲ್ಲ. ಇದು ಕಾಮಿಡಿನಾ?

ಗಾಂಧಿಬಜಾರ್_ಗಿರಾಕಿ
ಇತ್ತೀಚೆಗೆ ಊಟ ಆದ ಮೇಲೆ ಹಳೆಯ ಮೂಕಿ ಚಿತ್ರ ನೋಡುವ ಚಟ ಹತ್ತಿದೆ. ಚಾಪ್ಲಿನ್ ಚಿಕ್ಕಂದಿನಿಂದ ಗೊತ್ತು. ಬಸ್ಟರ್ ಕೀಟನ್ ಮಾತ್ರ ನನ್ನ ಮಟ್ಟಿಗೆ ಹೊಸಬ. ಮೊನ್ನೆ ‘ಸ್ಟೀಮ್‌ಬೋಟ್ ಬಿಲ್ ಜೂನಿಯರ್’ (1928) ನೋಡಿದೆ. ಬಿರುಗಾಳಿಗೆ ಒಂದು ಮನೆಯ ಮುಂದಿನ ಗೋಡೆ ಪೂರ್ತಿ ಕಿತ್ತುಕೊಂಡು ಅವನ ಮೇಲೆ ಬೀಳುತ್ತದೆ. ಅವನು ನಿಂತ ಜಾಗಕ್ಕೆ ಸರಿಯಾಗಿ ಮೇಲಿನ ಕಿಟಕಿ ಬರುತ್ತದೆ. ಗೋಡೆ ನೆಲಕ್ಕೆ, ಆಸಾಮಿ ಹಾಗೇ ನಿಂತಿದ್ದಾನೆ. ಹಾಸ್ಯದಲ್ಲೇ ಇದು ಮಹಾನ್ ಸೀನ್ ಅನ್ನುತ್ತಾರೆ. ನನಗೆ ನಗು ಬರಲಿಲ್ಲ ಕಣ್ರೀ. ಎದೆ ಧಸಕ್ ಅಂದಿತು.

ಅದಕ್ಕೇ ಕೇಳುತ್ತಿದ್ದೇನೆ. ಭಯ ಹುಟ್ಟಿಸುವುದನ್ನು ಹಾಸ್ಯ ಅಂತ ಹೇಗೆ ಕರೆಯುವುದು? ಇನ್ನೊಂದು, ಈ ಚಿತ್ರಗಳ ಬಗ್ಗೆ ಓದಿದರೆ ಸಾಕು, ಎಲ್ಲರೂ ಜೀವನ, ತತ್ವ, ಒಳಾರ್ಥ ಅಂತ ಶುರು ಮಾಡುತ್ತಾರೆ. ಬಿದ್ದು ಏಳುವುದರಲ್ಲಿ ಅಷ್ಟೊಂದು ಅರ್ಥ ನಿಜವಾಗಿಯೂ ಇದೆಯಾ, ಅಥವಾ ನೂರು ವರ್ಷ ಆದ ಮೇಲೆ ನಾವು ಅಂಟಿಸಿದ್ದಾ? ಆಗಿನ ಜನ ಸುಮ್ನೆ ನಕ್ಕು ಮನೆಗೆ ಹೋಗಿರಬೇಕು, ಅಲ್ವಾ?

ಚುರುಮುರಿ_ಚಿಕ್ಕಣ್ಣ
ನಿಮ್ಮ ಗುಂಡಿಗೆ ವೀಕು ಅಷ್ಟೇ. ನಾನು ಬಿದ್ದು ಬಿದ್ದು ನಕ್ಕೆ.

ರೀಲುರಂಗ
ಗಿರಾಕಿ ಸಾರ್, ಭಯ ಆಗಿದ್ದು ಸರಿಯಾಗಿಯೇ ಇದೆ. ಅದು ಥರ್ಮಾಕೋಲ್ ಗೋಡೆ ಅಲ್ಲ. ಕ್ಯಾಲಿಫೋರ್ನಿಯಾದ ಸ್ಯಾಕ್ರಮೆಂಟೊದಲ್ಲಿ ಹಾಕಿದ ಸೆಟ್, ಗೋಡೆಯ ತೂಕವೇ ಸುಮಾರು ಎರಡು ಟನ್ ಅನ್ನುತ್ತಾರೆ. ಕಿಟಕಿಗೂ ಅವನ ತಲೆ, ಭುಜಕ್ಕೂ ನಡುವೆ ಇದ್ದದ್ದು ಕೆಲವೇ ಅಂಗುಲ. ನಿಂತ ಜಾಗದಿಂದ ಒಂದು ಹೆಜ್ಜೆ ಆಚೆ ಈಚೆ ಆಗಿದ್ದರೆ ಕಥೆ ಮುಗಿದಿತ್ತು.

ಆದರೆ ಮಜಾ ಇರುವುದು ಬೇರೆ ಕಡೆ. ಈ ಜೋಕು 1928ರಲ್ಲಿ ಹುಟ್ಟಿದ್ದಲ್ಲ. 1919ರಲ್ಲಿ ಕೀಟನ್ ತನ್ನ ಗುರು, ಹಾಸ್ಯನಟ ರಾಸ್ಕೋ ಆರ್ಬಕಲ್ ಜೊತೆ ಮಾಡಿದ ‘ಬ್ಯಾಕ್ ಸ್ಟೇಜ್’ನಲ್ಲಿ ನಾಟಕದ ಪರದೆಯ ಹಗುರ ಗೋಡೆ ಆರ್ಬಕಲ್ ಮೇಲೆ ಬೀಳುತ್ತದೆ, ಅವನು ಕಿಟಕಿಯಲ್ಲಿ ಉಳಿದುಕೊಳ್ಳುತ್ತಾನೆ. 1920ರ ‘ಒನ್ ವೀಕ್’ನಲ್ಲಿ ಮತ್ತೆ ಅದೇ, ಈ ಸಲ ಕೀಟನ್ ಮೇಲೆ, ಸ್ವಲ್ಪ ದೊಡ್ಡ ಗೋಡೆ. ಒಂದೇ ಜೋಕಿಗೆ ಒಂಬತ್ತು ವರ್ಷ ತೂಕ ಹಾಕುತ್ತಾ ಹೋಗಿದ್ದಾನೆ. ಹಗುರ ಇದ್ದಾಗ ಬರೀ ನಗು ಬರುತ್ತದೆ. ಎರಡು ಟನ್ ಆದಾಗ ನಗು ಗಂಟಲಲ್ಲೇ ಸಿಕ್ಕಿಹಾಕಿಕೊಳ್ಳುತ್ತದೆ. ಅವನಿಗೆ ಬೇಕಾಗಿದ್ದೂ ಅದೇ ಅನಿಸುತ್ತದೆ.

ಇನ್ನೊಮ್ಮೆ ನೋಡುವಾಗ ಕ್ಯಾಮೆರಾ ಎಲ್ಲಿದೆ ನೋಡಿ. ದೂರ ಇಟ್ಟಿದ್ದಾನೆ. ಮನೆ ಪೂರ್ತಿ ಕಾಣುತ್ತದೆ, ಮನುಷ್ಯ ತಲೆಯಿಂದ ಕಾಲಿನವರೆಗೆ ಕಾಣುತ್ತಾನೆ, ನಡುವೆ ಕಟ್ ಇಲ್ಲ. ಮುಖದ ಕ್ಲೋಸಪ್ ಹಾಕಿ ಕಟ್ ಮಾಡಿದ್ದರೆ ನಾವು “ಏನೋ ಕೈಚಳಕ ಮಾಡಿದ್ದಾರೆ ಬಿಡು” ಅಂತ ಹಾಯಾಗಿ ಕೂರುತ್ತಿದ್ದೆವು. ಕಟ್ ಇಲ್ಲದ್ದಕ್ಕೇ ನಿಮಗೆ ಧಸಕ್ ಅಂದಿದ್ದು. ಕಲೆ ಅನ್ನುವುದು ಅಲ್ಲಿದೆ, ಬೀಳುವುದರಲ್ಲಿ ಅಲ್ಲ.

ನೈಟ್‌ಶಿಫ್ಟ್_ನಾಣಿ
ಕತ್ತು ಮುರಿದುಕೊಂಡ ಕಥೆಯನ್ನೂ ಹೇಳಿ. ‘ಷರ್ಲಾಕ್ ಜೂನಿಯರ್’ (1924) ಶೂಟಿಂಗಿನಲ್ಲಿ ರೈಲಿಗೆ ನೀರು ತುಂಬಿಸುವ ಟ್ಯಾಂಕಿನ ನೀರು ರಭಸವಾಗಿ ಮೇಲೆ ಬಿದ್ದು ಕತ್ತು ಹಳಿಗೆ ಬಡಿಯಿತು. ಮೂಳೆ ಮುರಿದಿತ್ತು ಅಂತ ಗೊತ್ತಾಗಿದ್ದು ಎಷ್ಟೋ ವರ್ಷದ ನಂತರ ಎಕ್ಸ್‌ರೇ ತೆಗೆದಾಗ. ನಮಗೆ ಚೇರಲ್ಲಿ ಕೂತು ಕೂತು ಕತ್ತು ನೋವು.

ಪಿಟೀಲು_ಪುಟ್ಟಿ
ಕೀಟನ್ ದೊಡ್ಡವನೇ, ಒಪ್ಪಿದೆ. ಆದರೆ ಅವನದು ಲೆಕ್ಕ. ಹೃದಯ ಬೇಕು ಅಂದರೆ ಚಾಪ್ಲಿನ್ ಹತ್ತಿರವೇ ಬರಬೇಕು. ‘ಗೋಲ್ಡ್ ರಷ್’ (1925) ತೆಗೆದುಕೊಳ್ಳಿ. ಹಿಮದಲ್ಲಿ ಸಿಕ್ಕಿಹಾಕಿಕೊಂಡು ಹಸಿವು ತಡೆಯಲಾರದೆ ತನ್ನ ಬೂಟನ್ನೇ ಬೇಯಿಸಿ ತಿನ್ನುತ್ತಾನೆ. ಲೇಸುಗಳನ್ನು ಫೋರ್ಕಿಗೆ ಸುತ್ತಿಕೊಂಡು ತಿನ್ನುವುದು, ಮೊಳೆಗಳನ್ನು ಕೋಳಿ ಮೂಳೆ ಥರ ಚೀಪುವುದು. ದೊಡ್ಡ ಹೋಟೆಲಿನಲ್ಲಿ ಕೂತವನ ಶಿಸ್ತು ಅವನದು. ಆ ಬೂಟು ಮಾಡಿದ್ದು ಲಿಕರಿಸ್‌ನಿಂದ, ಅಂದರೆ ನಮ್ಮ ಜ್ಯೇಷ್ಠಮಧುವಿನ ಮಿಠಾಯಿ.

ಈ ಸೀನಿನ ಬೇರು ಇರುವುದು ಘೋರ ಘಟನೆಯಲ್ಲಿ. 1846ರ ಚಳಿಗಾಲದಲ್ಲಿ ಕ್ಯಾಲಿಫೋರ್ನಿಯಾಕ್ಕೆ ಹೊರಟ ಡಾನರ್ ತಂಡ ಸಿಯೆರಾ ನೆವಾಡ ಬೆಟ್ಟಗಳ ಹಿಮದಲ್ಲಿ ಸಿಕ್ಕಿಬಿದ್ದು, ಬದುಕಿದವರಲ್ಲಿ ಕೆಲವರು ಸತ್ತವರನ್ನೇ ತಿನ್ನಬೇಕಾಯಿತು. ಚಾಪ್ಲಿನ್ ಅದನ್ನು ಓದಿ ಈ ಸಿನಿಮಾ ಮಾಡಿದ್ದು. ಅವನ ಬಾಲ್ಯ ನೋಡಿ, ಲಂಡನ್ನಿನಲ್ಲಿ ಬಡವರನ್ನು ಇಡುತ್ತಿದ್ದ ವರ್ಕ್‌ಹೌಸಿನಲ್ಲಿ ಇದ್ದವನು, ತಾಯಿಗೆ ಮಾನಸಿಕ ಕಾಯಿಲೆ. ಹಸಿವು ಅವನಿಗೆ ಐಡಿಯಾ ಅಲ್ಲ, ಅನುಭವ. ಇಲ್ಲಿ ಒಳಾರ್ಥ ಯಾರೂ ಅಂಟಿಸಬೇಕಾಗಿಲ್ಲ ಗಿರಾಕಿಯವರೇ.

ಚುರುಮುರಿ_ಚಿಕ್ಕಣ್ಣ
ಅದರಲ್ಲೇ ಬರುವ ಬನ್ನಿನ ಡ್ಯಾನ್ಸ್! ಎರಡು ಫೋರ್ಕ್, ಎರಡು ಬನ್ನು. ಚಾಪ್ಲಿನ್ ಮಾತ್ರ ಅಂಥದ್ದು ಯೋಚಿಸಬಲ್ಲ.

ರೀಲುರಂಗ
ಯೋಚಿಸಿದ್ದು ಆರ್ಬಕಲ್. 1917ರ ‘ದಿ ರಫ್ ಹೌಸ್’ ನೋಡಿ, ಅದೇ ಬನ್ನು, ಅದೇ ಫೋರ್ಕು.

ಪಿಟೀಲು_ಪುಟ್ಟಿ
ಇರಲಿ ಬಿಡಿ. ಆರ್ಬಕಲ್ ಮಾಡಿದ್ದು ಕೆಲವು ಸೆಕೆಂಡಿನ ತಮಾಷೆ. ಚಾಪ್ಲಿನ್ ಅದನ್ನು ಹೊಸ ವರ್ಷದ ರಾತ್ರಿ, ಬರುತ್ತೇನೆ ಅಂದವರು ಯಾರೂ ಬಾರದ ಮನೆಯಲ್ಲಿ, ಕಾದು ಕಾದು ನಿದ್ದೆ ಹೋದವನ ಕನಸಿನಲ್ಲಿ ಇಟ್ಟ. ಬನ್ನು ಒಂದೇ, ಇಟ್ಟ ಜಾಗ ಬೇರೆ.

ಧಾರವಾಡ_ಪೇಡೆ
ಒಬ್ಬ ಹೆಂಗಸಿನ ಹೆಸರೂ ಬರಲಿಲ್ಲವಲ್ಲ ಇಷ್ಟು ಹೊತ್ತು, ನೋಡ್ರಿ. ಮೇಬಲ್ ನಾರ್ಮಂಡ್. ಕೀಸ್ಟೋನ್ ಕಂಪನಿಯಲ್ಲಿ ಆಗಲೇ ದೊಡ್ಡ ಸ್ಟಾರ್, ತಾನೇ ನಿರ್ದೇಶನ ಮಾಡುತ್ತಿದ್ದಳು. 1914ರಲ್ಲಿ ಹೊಸಬನಾಗಿ ಬಂದ ಚಾಪ್ಲಿನ್ ‘ಮೇಬಲ್ ಅಟ್ ದಿ ವೀಲ್’ ಸಮಯದಲ್ಲಿ ಇವಳು ಹೇಳಿದ ಹಾಗೆ ಕೇಳಬೇಕಾ ಅಂತ ಜಗಳ ತೆಗೆದ. ಅವನ ಅಲೆಮಾರಿ ವೇಷ ಮೊದಲು ಶೂಟ್ ಆಗಿದ್ದೂ ಅವಳ ಚಿತ್ರಕ್ಕೇ, ‘ಮೇಬಲ್ಸ್ ಸ್ಟ್ರೇಂಜ್ ಪ್ರೆಡಿಕಮೆಂಟ್’ಗೆ. ತೆರೆಗೆ ಮೊದಲು ಬಂದದ್ದು ಮಾತ್ರ ‘ಕಿಡ್ ಆಟೊ ರೇಸಸ್ ಅಟ್ ವೆನಿಸ್’. ಈಗ ಅವಳ ಹೆಸರು ಯಾರಿಗೂ ನೆನಪಿಲ್ಲ, ಅವನ ಮೀಸೆ ಎಲ್ಲರಿಗೂ ನೆನಪು.

ಬೇವಿನಕಟ್ಟೆ
ನನ್ನದು ಸ್ವಲ್ಪ ಉಲ್ಟಾ ಅಭಿಪ್ರಾಯ. ಇವೆಲ್ಲ ಫಾಸ್ಟ್ ಫಾರ್ವರ್ಡಿನಲ್ಲಿ ಓಡುವ ಜನ, ಅದಕ್ಕೇ ನಗು. ಮಾಮೂಲಿ ಸ್ಪೀಡಿನಲ್ಲಿ ಹಾಕಿದರೆ ಏನೂ ಇಲ್ಲ. ತಂತ್ರಜ್ಞಾನ ಸರಿ ಇಲ್ಲದ ಕಾಲದ ತಪ್ಪನ್ನು ನಾವು ಶೈಲಿ ಅಂತ ಹೊಗಳುತ್ತಿದ್ದೇವೆ.

ಹಳೇ_ಪ್ರೊಜೆಕ್ಟರ್
ಅರ್ಧ ಸರಿ, ಅರ್ಧ ತಪ್ಪು. ಆಗಿನ ಕ್ಯಾಮೆರಾ ಕೈಯಲ್ಲಿ ತಿರುಗಿಸುವುದು. ಸೆಕೆಂಡಿಗೆ 16, 18 ಫ್ರೇಮು, ಸೀನಿಗೆ ತಕ್ಕ ಹಾಗೆ ಹೆಚ್ಚು ಕಡಿಮೆ. ಟಾಕಿ ಬಂದ ಮೇಲೆ ಧ್ವನಿಗೋಸ್ಕರ 24 ಅಂತ ಕಟ್ಟುನಿಟ್ಟಾಯಿತು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಎಲ್ಲರೂ ಇರುವೆ ಕಚ್ಚಿದವರ ಹಾಗೆ ಕುಣಿಯುತ್ತಾರೆ. ಟಿವಿಯಲ್ಲಿ ನಾವು ನೋಡಿ ಬೆಳೆದದ್ದು ಹೆಚ್ಚಾಗಿ ಅದನ್ನೇ. ಇದು ಅವರ ತಪ್ಪಲ್ಲ, ಓಡಿಸಿದವರ ತಪ್ಪು.

ಆದರೆ ಹಾಸ್ಯದವರು ಬೇಕೆಂದೇ ನಿಧಾನವಾಗಿ ತಿರುಗಿಸುತ್ತಿದ್ದರು ಅನ್ನುವುದೂ ನಿಜ. ಚೇಸಿಂಗ್ ಸೀನಿಗೆ ಸ್ವಲ್ಪ ಕಡಿಮೆ ಫ್ರೇಮು, ತೆರೆಯ ಮೇಲೆ ಸ್ವಲ್ಪ ಜಾಸ್ತಿ ಚುರುಕು. ನಟ ಅದನ್ನು ಲೆಕ್ಕ ಹಾಕಿಕೊಂಡೇ ಮೈ ಆಡಿಸಬೇಕು. ಕ್ಯಾಮೆರಾದವನ ಮಣಿಕಟ್ಟೂ ಅಭಿನಯದ ಭಾಗ ಆಗಿತ್ತು ಅಂದರೆ ಸುಳ್ಳಲ್ಲ. ‘ದಿ ಪ್ಲೇಹೌಸ್’ (1921) ನೋಡಿ. ವೇದಿಕೆ ಮೇಲೆ ಒಂದೇ ಸಾಲಿನಲ್ಲಿ ಒಂಬತ್ತು ಕೀಟನ್‌ಗಳು ಕುಣಿಯುತ್ತಾರೆ. ಒಂದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ ಸುತ್ತಿ, ಪ್ರತಿ ಸಲ ಲೆನ್ಸಿನ ಒಂದೊಂದೇ ಭಾಗ ತೆರೆದು ತೆಗೆದದ್ದು. ಕ್ಯಾಮೆರಾಮನ್ ಎಲ್ಜಿನ್ ಲೆಸ್ಲಿ ಪ್ರತಿ ಸಲವೂ ಅದೇ ವೇಗದಲ್ಲಿ ಕೈ ತಿರುಗಿಸಬೇಕಿತ್ತು. ಒಮ್ಮೆ ತಾಳ ತಪ್ಪಿದರೆ ಒಂಬತ್ತೂ ಜನ ಕೆಟ್ಟರು. ಇದನ್ನು ತಂತ್ರಜ್ಞಾನ ಸರಿ ಇಲ್ಲದ ಕಾಲ ಅನ್ನಬೇಡಿ ಸ್ವಾಮಿ.

ಬೇವಿನಕಟ್ಟೆ
ಸರಿ, ತಾಂತ್ರಿಕವಾಗಿ ಗಟ್ಟಿಗರು. ಅರ್ಥ ಎಲ್ಲಿದೆ ಅಂತ ತಾನೇ ಪ್ರಶ್ನೆ? ನೀವೆಲ್ಲ ತಲೆ ಮೇಲೆ ಹೊತ್ತುಕೊಂಡಿರುವ ‘ದಿ ಜನರಲ್’ (1926) ನೋಡಿ. ಅಮೆರಿಕದ ಅಂತರ್ಯುದ್ಧದ ಕಥೆ. ಹೀರೋ ಯಾರ ಕಡೆ? ಗುಲಾಮಗಿರಿ ಉಳಿಸಿಕೊಳ್ಳಲು ಯುದ್ಧಕ್ಕೆ ನಿಂತ ದಕ್ಷಿಣದವರ ಕಡೆ. ಚಿತ್ರದಲ್ಲಿ ಗುಲಾಮಗಿರಿಯ ಮಾತೇ ಇಲ್ಲ. ಒಳಾರ್ಥ ಹುಡುಕುವವರು ಇದನ್ನೂ ಹುಡುಕಬೇಕಲ್ವಾ? ಇಷ್ಟವಾದದ್ದನ್ನು ಮಾತ್ರ ಹೆಕ್ಕಿಕೊಂಡರೆ ಹೇಗೆ?

ರೀಲುರಂಗ
ಪಾಯಿಂಟ್ ಇದೆ. 1862ರಲ್ಲಿ ಉತ್ತರದ ಸೈನಿಕರು ನಿಜವಾಗಿ ರೈಲು ಕದ್ದ ಘಟನೆ ಅದು. ಕೀಟನ್ ನಾಯಕನನ್ನು ಅಟ್ಟಿಸಿಕೊಂಡು ಹೋಗುವವನ ಕಡೆ ಇಟ್ಟ, ಸೋಲುವ ಕಡೆಯವನ ಮೇಲೆ ಜನರಿಗೆ ಕನಿಕರ ಜಾಸ್ತಿ ಅನ್ನುವ ಲೆಕ್ಕ. ಆ ಲೆಕ್ಕದಲ್ಲಿ ಗುಲಾಮರೇ ಕಾಣೆಯಾದರು. ಅದನ್ನು ಮುಚ್ಚಿಡುವುದು ಬೇಡ.

ಆದರೂ ಅದೇ ಚಿತ್ರದ ಒಂದು ಸೀನು ಹೇಳುತ್ತೇನೆ. ಪ್ರೀತಿಸಿದ ಹುಡುಗಿ ಬೇಡ ಅಂದಳು, ಸೈನ್ಯ ಸೇರಿಸಿಕೊಳ್ಳಲಿಲ್ಲ. ಬಂದು ರೈಲು ಎಂಜಿನ್ನಿನ ಗಾಲಿಗಳನ್ನು ಜೋಡಿಸುವ ಕಬ್ಬಿಣದ ದಂಡದ ಮೇಲೆ ಕೂತಿದ್ದಾನೆ. ಎಂಜಿನ್ ಹೊರಡುತ್ತದೆ. ದಂಡದ ಜೊತೆ ಇವನೂ ಮೇಲೆ, ಕೆಳಗೆ, ಮೇಲೆ, ಕೆಳಗೆ. ಇವನಿಗೆ ಗಮನವೇ ಇಲ್ಲ, ಮುಖದಲ್ಲಿ ಒಂದು ಗೆರೆ ಅಲುಗುವುದಿಲ್ಲ. ಅಳುವ ಸೀನು ಬರೆದಿದ್ದರೆ ಎರಡು ಪುಟ ಮಾತು ಬೇಕಾಗುತ್ತಿತ್ತು. ಕೀಟನ್ ಒಂದು ಸಂದರ್ಶನದಲ್ಲಿ ಹೇಳಿದ್ದ: ಆಗಿನ ಮಾಮೂಲಿ ಚಿತ್ರಕ್ಕೆ 240 ಅಕ್ಷರ ಫಲಕ (ನಡುನಡುವೆ ಮಾತು ಬರೆದು ತೋರಿಸುವುದು) ಬೇಕಾಗುತ್ತಿದ್ದವು, ತಾನು ಬಳಸಿದ್ದು ಹೆಚ್ಚೆಂದರೆ 56.

ನೈಟ್‌ಶಿಫ್ಟ್_ನಾಣಿ
ಅದೇ ಚಿತ್ರದಲ್ಲಿ ನಿಜವಾದ ಎಂಜಿನ್ನನ್ನೇ ಉರಿಯುವ ಸೇತುವೆಯಿಂದ ನದಿಗೆ ಬೀಳಿಸಿದರು, ಒರೆಗಾನ್‌ನಲ್ಲಿ. ಆ ಒಂದು ಶಾಟಿಗೇ ಸುಮಾರು 42,000 ಡಾಲರ್ ಖರ್ಚಂತೆ. ಎಂಜಿನ್ ನದಿಯಲ್ಲೇ ಬಿದ್ದಿತ್ತು, ಎರಡನೇ ಮಹಾಯುದ್ಧದ ಸಮಯದಲ್ಲಿ ಗುಜರಿಗೆ ಎತ್ತಿದರು. ಸಿನಿಮಾ ಆಗ ಓಡಲೂ ಇಲ್ಲ. ಬಾಕ್ಸಾಫೀಸಿನಲ್ಲಿ ತೋಪು.

ಮೌನಿ_ಮಲ್ಲಿಗೆ
ಇಷ್ಟು ದಿನ ಇಲ್ಲಿ ಓದುತ್ತಿದ್ದೆ, ಬರೆದಿರಲಿಲ್ಲ. ನನ್ನ ಅಕ್ಕನಿಗೆ ಹುಟ್ಟಿನಿಂದ ಕಿವಿ ಕೇಳಿಸುವುದಿಲ್ಲ. ಮನೆಯಲ್ಲಿ ಎಲ್ಲರೂ ಕೂತು ಸಿನಿಮಾ ನೋಡಿದರೆ ಯಾವ ಮಾತಿಗೆ ನಕ್ಕೆವು ಅಂತ ಅವಳಿಗೆ ನಾವು ಹೇಳಬೇಕು. ಅವಳು ನಗುವ ಹೊತ್ತಿಗೆ ನಮ್ಮ ನಗು ಮುಗಿದಿರುತ್ತದೆ. ಚಾಪ್ಲಿನ್ ಹಾಕಿದಾಗ ಮಾತ್ರ ಅವಳೇ ಮೊದಲು ನಗುತ್ತಾಳೆ, ನಮಗೆ ಕಾಣದ್ದು ಅವಳಿಗೆ ಕಾಣುತ್ತದೆ.

ಚಾಪ್ಲಿನ್‌ಗೆ ಗ್ರಾನ್‌ವಿಲ್ ರೆಡ್ಮಂಡ್ ಅಂತ ಕಿವುಡ ಚಿತ್ರಕಾರ ಗೆಳೆಯ ಇದ್ದ. ತನ್ನ ಸ್ಟುಡಿಯೊದಲ್ಲೇ ಅವನಿಗೆ ಚಿತ್ರ ಬರೆಯಲು ಜಾಗ ಕೊಟ್ಟಿದ್ದ. ‘ಸಿಟಿ ಲೈಟ್ಸ್’ನಲ್ಲಿ ಶಿಲ್ಪಿಯ ಪಾತ್ರ ಅವನದೇ. ನಮ್ಮ ಟಿ.ಎನ್. ಬಾಲಕೃಷ್ಣ ಅವರಿಗೂ ಕಿವಿ ಸರಿಯಾಗಿ ಕೇಳಿಸುತ್ತಿರಲಿಲ್ಲ, ಎದುರಿನವರ ತುಟಿ ನೋಡಿಕೊಂಡು ಟೈಮಿಂಗ್ ಹಿಡಿಯುತ್ತಿದ್ದರು. ಅವರ ಹಾಸ್ಯದ ಸೀನುಗಳಲ್ಲಿ ಕಣ್ಣು ಎಲ್ಲಿ ನೋಡುತ್ತಿದೆ ಅಂತ ಗಮನಿಸಿ.

ಪಿಟೀಲು_ಪುಟ್ಟಿ
ಬಾಲಣ್ಣ ವಿಷಯ ಗೊತ್ತಿತ್ತು, ಈ ಕಡೆಯಿಂದ ಯೋಚಿಸಿರಲಿಲ್ಲ ಮೇಡಂ. ಅಕ್ಕನಿಗೆ ‘ದಿ ಕಿಡ್’ (1921) ತೋರಿಸಿದ್ದೀರಾ?

ಮೌನಿ_ಮಲ್ಲಿಗೆ
ತೋರಿಸಿದ್ದೇನೆ. ಆದರೆ ಅವಳಿಗೆ ಇಷ್ಟ ಕೀಟನ್. ಚಾಪ್ಲಿನ್ ಜಾಸ್ತಿ ಅಳಿಸಲು ನೋಡುತ್ತಾನೆ ಅಂತ ಅವಳ ದೂರು. 😄

ಚುರುಮುರಿ_ಚಿಕ್ಕಣ್ಣ
ಮೂಕಿ ಅಂದರೆ ನಮ್ಮದೇ ‘ಪುಷ್ಪಕ ವಿಮಾನ’ (1987) ಇದೆಯಲ್ಲ. ಬೆಂಗಳೂರಿನಲ್ಲೇ ತೆಗೆದದ್ದು, ನಿರ್ಮಾಪಕರು ನಮ್ಮ ಶೃಂಗಾರ್ ನಾಗರಾಜ್. ಕಮಲ್ ಹಾಸನ್ ಒಂದು ಮಾತಿಲ್ಲದೆ ಎರಡು ಗಂಟೆ ಹಿಡಿದಿಡುತ್ತಾರೆ. ಹಾಲಿವುಡ್ಡೇ ಯಾಕೆ ಬೇಕು?

ಹಳೇ_ಪ್ರೊಜೆಕ್ಟರ್
ಅದ್ಭುತ ಸಿನಿಮಾ, ಆದರೆ ಅದು ಮೂಕಿ ಅಲ್ಲ, ಮಾತಿಲ್ಲದ ಟಾಕಿ. ಸಿನಿಮಾ ಟಾಕೀಸಿನ ಗಲಾಟೆ ಪಕ್ಕದ ರೂಮಿನಲ್ಲಿ ಮಲಗಿ ಅಭ್ಯಾಸ ಆದವನಿಗೆ ಸ್ಟಾರ್ ಹೋಟೆಲಿನ ನಿಶ್ಶಬ್ದದಲ್ಲಿ ನಿದ್ದೆ ಬರುವುದಿಲ್ಲ. ಆ ಗಲಾಟೆಯನ್ನು ಟೇಪಿನಲ್ಲಿ ರೆಕಾರ್ಡ್ ಮಾಡಿ ತಂದು ಹಾಕಿಕೊಂಡು ಮಲಗುತ್ತಾನೆ. ಈ ಜೋಕು ಶಬ್ದ ಇಲ್ಲದೆ ನಡೆಯುವುದೇ ಇಲ್ಲ. 1920ರ ಕೀಟನ್‌ಗೆ ಅದು ಸಿಗುತ್ತಿರಲಿಲ್ಲ. ನಿರ್ದೇಶಕ ಸಿಂಗೀತಂ ಶ್ರೀನಿವಾಸರಾವ್ ಅವರ ಜಾಣತನವೇ ಅದು.

ಕುಂದಾಪ್ರ_ಕುಚುಕು
ಚಾಪ್ಲಿನ್ ಅಂದ ಕೂಡಲೇ ನಮಗೆ ನೆನಪಾಗುವುದು ಪ್ರತಿಮೆ ಗಲಾಟೆ ಮಾರಾಯ್ರೆ. 2009ರಲ್ಲಿ ಬೈಂದೂರು ಕಡೆ ಸಮುದ್ರದ ಹತ್ತಿರ ಒಂದು ಸಿನಿಮಾಕ್ಕೆ 67 ಅಡಿಯ ಚಾಪ್ಲಿನ್ ನಿಲ್ಲಿಸಲು ಹೊರಟಿದ್ದರು. ಆತ ಕ್ರೈಸ್ತ, ಇಲ್ಲಿ ಬೇಡ ಅಂತ ಕೆಲವರು ತಡೆದರು. ಬಿಬಿಸಿಯಲ್ಲೂ ಬಂತು. ಆ ಸೀನನ್ನು ಚಾಪ್ಲಿನ್ನೇ ಸಿನಿಮಾ ಮಾಡಬೇಕಿತ್ತು.

ಪಿಟೀಲು_ಪುಟ್ಟಿ
ಮಾಡಿಬಿಟ್ಟಿದ್ದಾನೆ! ‘ಸಿಟಿ ಲೈಟ್ಸ್’ (1931) ಶುರುವಾಗುವುದೇ ಪ್ರತಿಮೆ ಅನಾವರಣದಿಂದ. ಬಟ್ಟೆ ಎಳೆದರೆ ಪ್ರತಿಮೆಯ ತೊಡೆ ಮೇಲೆ ಅಲೆಮಾರಿ ಮಲಗಿದ್ದಾನೆ. ಆಗ ಟಾಕಿ ಬಂದು ಎಲ್ಲರೂ ಮಾತಾಡುತ್ತಿದ್ದ ಕಾಲ. ಗಣ್ಯರ ಭಾಷಣಕ್ಕೆ ಚಾಪ್ಲಿನ್ ಪೀಪಿಯಂಥ ಕುಯ್ಯಿ ಕುಯ್ಯಿ ಶಬ್ದ ಹಾಕಿದ. ಭಾಷಣದವರಿಗೂ ಟಾಕಿಗೂ ಒಂದೇ ಏಟು.

ಧಾರವಾಡ_ಪೇಡೆ
ಪ್ರತಿಮೆ ವಿಷಯದಲ್ಲಿ ಜನರ ಭಾವನೆ ಅಂತ ಒಂದು ಇರುತ್ತದಲ್ರಿ, ಅದನ್ನೂ

ನಿರ್ವಾಹಕ
ಪ್ರತಿಮೆ ಚರ್ಚೆ ಇಲ್ಲಿಗೆ ಸಾಕು. ಸಿನಿಮಾಕ್ಕೆ ಬನ್ನಿ.

ಗಾಂಧಿಬಜಾರ್_ಗಿರಾಕಿ
ಎಲ್ಲರಿಗೂ ಥ್ಯಾಂಕ್ಸ್, ಇಷ್ಟೊಂದು ಬರುತ್ತದೆ ಅಂದುಕೊಂಡಿರಲಿಲ್ಲ. ಆದರೆ ನನ್ನ ಎರಡನೇ ಪ್ರಶ್ನೆಗೆ ಉತ್ತರ ಪೂರ್ತಿ ಸಿಕ್ಕಿಲ್ಲ. ಹಸಿವು ಸರಿ, ಅಪಾಯ ಸರಿ. ಆಗಿನ ಪ್ರೇಕ್ಷಕನಿಗೆ ಇದೆಲ್ಲ ಮುಟ್ಟಿತ್ತಾ? ಐದು ಸೆಂಟ್ ಕೊಟ್ಟು ಬಂದವನಿಗೆ?

ಗ್ರಂಥಾಲಯದ_ಬೆಂಚು
ಅವನಿಗೇ ಜಾಸ್ತಿ ಮುಟ್ಟಿದ್ದು. ಆ ಐದು ಸೆಂಟಿನ ಟಾಕೀಸುಗಳಲ್ಲಿ ಕೂತವರಲ್ಲಿ ಬಹಳ ಜನ ಯೂರೋಪಿನಿಂದ ಹಡಗಿನಲ್ಲಿ ಬಂದವರು, ಇಂಗ್ಲಿಷ್ ಬಾರದವರು. ‘ದಿ ಇಮಿಗ್ರೆಂಟ್’ (1917) ಅವರದೇ ಕಥೆ. ಹಡಗಿನಿಂದ ಸ್ವಾತಂತ್ರ್ಯ ದೇವಿ ಪ್ರತಿಮೆ ಕಾಣುತ್ತದೆ (ನಿರ್ವಾಹಕರು ಕ್ಷಮಿಸಬೇಕು, ಮತ್ತೆ ಪ್ರತಿಮೆ). ಎಲ್ಲರೂ ಕಣ್ಣರಳಿಸಿ ನೋಡುತ್ತಿರುವಾಗಲೇ ಅಧಿಕಾರಿಗಳು ಬಂದು ಅವರನ್ನು ಹಗ್ಗ ಕಟ್ಟಿ ದನಗಳ ಥರ ಒತ್ತರಿಸುತ್ತಾರೆ. ಚಾಪ್ಲಿನ್ ಸಮಯ ನೋಡಿ ಅಧಿಕಾರಿಯ ಹಿಂಭಾಗಕ್ಕೆ ಒಂದು ಒದೆ ಕೊಡುತ್ತಾನೆ. ತನ್ನನ್ನೂ ಹಾಗೇ ಹಗ್ಗದ ಹಿಂದೆ ನಿಲ್ಲಿಸಿದ್ದನ್ನು ನೆನಪಿಟ್ಟುಕೊಂಡ ಮನುಷ್ಯನಿಗೆ ಆ ಒದೆಯ ಅರ್ಥ ಯಾರು ಬಿಡಿಸಿ ಹೇಳಬೇಕು? ನಮಗೇ ಹೇಳಬೇಕಾಗಿರುವುದು. ನಾವು ಆ ಸಾಲಿನಲ್ಲಿ ನಿಂತಿಲ್ಲ.

ಕೀಟನ್‌ನ ‘ಕಾಪ್ಸ್’ (1922) ಕೂಡ ನೋಡಿ. ಏನೂ ತಪ್ಪು ಮಾಡುವ ಉದ್ದೇಶ ಇಲ್ಲದವನ ಹಿಂದೆ ಇಡೀ ಊರಿನ ಪೊಲೀಸರು. ಕೊನೆಗೆ ಸಮಾಧಿ ಕಲ್ಲು, ಅದರ ಮೇಲೆ ಅವನ ಚಪ್ಪಟೆ ಟೋಪಿ. ಅವನ ಗುರು ಆರ್ಬಕಲ್ ಆಗ ಒಬ್ಬ ನಟಿಯ ಸಾವಿನ ಕೇಸಿನಲ್ಲಿ ಕೋರ್ಟಿಗೆ ಅಲೆಯುತ್ತಿದ್ದ. ಮೂರನೇ ವಿಚಾರಣೆಯಲ್ಲಿ, 1922ರ ಏಪ್ರಿಲ್‌ನಲ್ಲಿ, ನಿರಪರಾಧಿ ಅಂತ ತೀರ್ಪು ಬಂತು. ಅಷ್ಟರಲ್ಲಿ ಅವನ ನಟನೆಯ ಬದುಕು ಮುಗಿದುಹೋಗಿತ್ತು. ಆ ಕೇಸನ್ನೇ ಮನಸ್ಸಿನಲ್ಲಿಟ್ಟು ‘ಕಾಪ್ಸ್’ ಮಾಡಿದ ಅಂತ ನಾನು ಹೇಳುವುದಿಲ್ಲ. ಅಕ್ಕಪಕ್ಕ ಇಟ್ಟು ನೋಡಿ ಅಷ್ಟೇ.

ನನ್ನ ಪ್ರಕಾರ ಇವರಿಬ್ಬರ ವ್ಯತ್ಯಾಸ ಹೃದಯ, ಲೆಕ್ಕ ಅಂತ ಅಲ್ಲ. ವಸ್ತುಗಳ ಜೊತೆ ಹೇಗೆ ಇರುತ್ತಾರೆ ಅನ್ನುವುದರಲ್ಲಿದೆ. ಚಾಪ್ಲಿನ್ ಕೈಗೆ ಸಿಕ್ಕ ವಸ್ತು ಬೇರೆ ಏನೋ ಆಗಿಬಿಡುತ್ತದೆ. ‘ದಿ ಪಾನ್‌ಶಾಪ್’ (1916)ನಲ್ಲಿ ಒಬ್ಬ ಅಲಾರಂ ಗಡಿಯಾರ ಅಡವಿಡಲು ತರುತ್ತಾನೆ. ಚಾಪ್ಲಿನ್ ಸ್ಟೆತಸ್ಕೋಪ್ ಇಟ್ಟು ಅದರ ಎದೆ ಬಡಿತ ಕೇಳುತ್ತಾನೆ, ಆಮೇಲೆ ಡಬ್ಬಿ ಓಪನರ್‌ನಿಂದ ಕತ್ತರಿಸುತ್ತಾನೆ, ಮೂಸಿ ನೋಡುತ್ತಾನೆ. ಗಡಿಯಾರ ಒಮ್ಮೆ ರೋಗಿ, ಒಮ್ಮೆ ಮೀನಿನ ಡಬ್ಬಿ. ಕೊನೆಗೆ ಬಿಡಿಭಾಗ ಎಲ್ಲ ಗಿರಾಕಿಯ ಟೋಪಿಗೆ ಸುರಿದು ಆಗುವುದಿಲ್ಲ ಅಂತ ತಲೆ ಅಲ್ಲಾಡಿಸುತ್ತಾನೆ. ಏನೂ ಇಲ್ಲದ ಬಡವನಿಗೆ ಲೋಕವನ್ನು ಬೇಕಾದ ಹಾಗೆ ಬದಲಾಯಿಸಿಕೊಳ್ಳುವ ಹಕ್ಕು ಕಲ್ಪನೆಯಲ್ಲಿ ಮಾತ್ರ ಇದೆ, ಅದನ್ನು ಅವನು ಪೂರ್ತಿ ಬಳಸುತ್ತಾನೆ.

ಕೀಟನ್ ಲೋಕದಲ್ಲಿ ಗೋಡೆ ಗೋಡೆಯೇ, ಎಂಜಿನ್ ಎಂಜಿನ್ನೇ. ಅವು ಇವನಿಗಾಗಿ ಬದಲಾಗುವುದಿಲ್ಲ. ಇವನಿಗೆ ದ್ವೇಷವೂ ಇಲ್ಲ, ಗೋಳೂ ಇಲ್ಲ. ಅವುಗಳ ನಿಯಮ ಏನು ಅಂತ ನೋಡುತ್ತಾನೆ, ಅದಕ್ಕೆ ಮೈ ಹೊಂದಿಸುತ್ತಾನೆ. ಗೋಡೆ ಬಿದ್ದ ಮೇಲೆ ಒಂದು ಕ್ಷಣ ಸುತ್ತ ನೋಡಿ ಓಡುತ್ತಾನಲ್ಲ, ಅಲ್ಲಿ ದೇವರಿಗೆ ಕೈ ಮುಗಿಯುವುದಿಲ್ಲ, ಎದೆ ಹಿಡಿದುಕೊಳ್ಳುವುದಿಲ್ಲ. ಬದುಕಿದೆ, ಮುಂದೆ? ಅಷ್ಟೇ. ಗಿರಾಕಿಯವರಿಗೆ ಭಯ ಆಗಿದ್ದು ಅವನ ಪಾಲಿನ ಭಯವನ್ನೂ ನೀವೇ ಪಟ್ಟಿದ್ದಕ್ಕೆ ಅಂತ ನನ್ನ ಅನುಮಾನ.

ಬೇವಿನಕಟ್ಟೆ
ಕೊನೆ ಸಾಲು ಚೆನ್ನಾಗಿದೆ. ಆದರೆ ಇನ್ನೊಬ್ಬ ಮೂಕಿ ಹಾಸ್ಯನಟ ಹ್ಯಾರಲ್ಡ್ ಲಾಯ್ಡ್ ಎಲ್ಲಿ? ಗಡಿಯಾರದ ಮುಳ್ಳಿಗೆ ನೇತಾಡಿದವನು? ಅದನ್ನು ನೋಡಿ ಎಲ್ಲರೂ ಪೋಸ್ಟರ್ ಹಾಕಿಕೊಳ್ಳುತ್ತಾರೆ, ಅದರಲ್ಲಿ ಬರೀ ಮೋಸ.

ಹಳೇ_ಪ್ರೊಜೆಕ್ಟರ್
ಮೋಸ ಅನ್ನುವಷ್ಟು ಇಲ್ಲ. ‘ಸೇಫ್ಟಿ ಲಾಸ್ಟ್’ (1923)ಗೆ ಲಾಸ್ ಏಂಜಲೀಸ್‌ನ ನಿಜವಾದ ಕಟ್ಟಡಗಳ ತಾರಸಿ ಮೇಲೆ ಗೋಡೆಯ ಸೆಟ್ ಹಾಕಿದರು, ಹಿಂದೆ ಕೆಳಗಿನ ರಸ್ತೆ ಕಾಣುವ ಹಾಗೆ ಕ್ಯಾಮೆರಾ ಇಟ್ಟರು. ತೀರಾ ದೂರದ ಶಾಟುಗಳಲ್ಲಿ ಹತ್ತಿದ್ದು ಬೇರೆಯವರು, ನಿಜ. ಆದರೆ ಉಳಿದ ಕಡೆ ನೇತಾಡುತ್ತಿರುವುದು ಹ್ಯಾರಲ್ಡ್ ಲಾಯ್ಡೇ. 1919ರಲ್ಲಿ ಆಟಿಕೆ ಅಂದುಕೊಂಡ ಬಾಂಬು ಸಿಡಿದು ಅವನ ಬಲಗೈಯ ಹೆಬ್ಬೆರಳು, ತೋರುಬೆರಳು ಹೋಗಿತ್ತು. ಗ್ಲೌಸಿನಲ್ಲಿ ಮುಚ್ಚಿಕೊಂಡು ಆ ಕೈಯಲ್ಲೇ ಹತ್ತಿದ. ಅವನ ಪಾತ್ರ ಯಾರು? ಬಟ್ಟೆ ಅಂಗಡಿಯ ಗುಮಾಸ್ತ, ಸಂಬಳದ ಬಗ್ಗೆ ಹುಡುಗಿಗೆ ಸುಳ್ಳು ಹೇಳಿದವನು. ಮೇಲೆ ಹತ್ತಬೇಕು ಅನ್ನುವ ಆಸೆಯನ್ನು ಅಕ್ಷರಶಃ ಗೋಡೆ ಹತ್ತಿಸಿ ತೋರಿಸಿದ್ದಾರೆ.

ನೈಟ್‌ಶಿಫ್ಟ್_ನಾಣಿ
ನಮ್ಮ ಅಪ್ರೈಸಲ್ ಥರ.

ಪಿಟೀಲು_ಪುಟ್ಟಿ
‘ಮಾಡರ್ನ್ ಟೈಮ್ಸ್’ (1936) ಬಿಟ್ಟು ಹೋಯಿತು. 1931ರ ಸೆಪ್ಟೆಂಬರಿನಲ್ಲಿ ಲಂಡನ್ನಿನಲ್ಲಿ ಚಾಪ್ಲಿನ್ ಗಾಂಧೀಜಿಯನ್ನು ಭೇಟಿ ಆದ. ಯಂತ್ರ ಅಂದರೆ ನಿಮಗೆ ಯಾಕೆ ಬೇಡ ಅಂತ ಕೇಳಿದ. ಐದು ವರ್ಷದ ಮೇಲೆ ಬಂದ ಈ ಚಿತ್ರದಲ್ಲಿ ಮಾತು ಕೇಳಿಸುವುದು ಹೆಚ್ಚಾಗಿ ಯಂತ್ರದ ಮೂಲಕವೇ: ಮಾಲೀಕನ ಪರದೆ, ಗ್ರಾಮಫೋನು, ರೇಡಿಯೊ. ಅಲೆಮಾರಿ ಕೊನೆಗೂ ಬಾಯಿ ಬಿಟ್ಟು ಹಾಡುತ್ತಾನೆ, ಯಾವ ಭಾಷೆಯೂ ಅಲ್ಲದ ಹಾಡು.

ಬೇವಿನಕಟ್ಟೆ
ಗಾಂಧೀಜಿಯಿಂದಲೇ ಆ ಸಿನಿಮಾ ಬಂತು ಅಂತ ಈಗ ವಾಟ್ಸಾಪಿನಲ್ಲಿ ಓಡುತ್ತದೆ ನೋಡಿ.

ಪಿಟೀಲು_ಪುಟ್ಟಿ
ನಾನು ಹಾಗೆ ಹೇಳಿಲ್ಲ. ಭೇಟಿ ಆದದ್ದು ನಿಜ, ಕೇಳಿದ್ದು ನಿಜ. ಮುಂದಿನದು ನಿಮ್ಮ ತಲೆಗೆ ಬಿಟ್ಟದ್ದು.

ಗಾಂಧಿಬಜಾರ್_ಗಿರಾಕಿ
ಬೆಂಚು ಸಾರ್, “ಅವನ ಪಾಲಿನ ಭಯವನ್ನೂ ನೀವೇ ಪಟ್ಟಿದ್ದು” ಅನ್ನುವುದನ್ನು ಒಪ್ಪುತ್ತೇನೆ. ಆದರೂ ನಗು ಬರಲಿಲ್ಲ ಅನ್ನುವುದನ್ನು ವಾಪಸ್ ತೆಗೆದುಕೊಳ್ಳುವುದಿಲ್ಲ! ಅದಿರಲಿ, ಭಾನುವಾರ ಅಕ್ಕನ ಮಕ್ಕಳು ಬರುತ್ತಾರೆ. ಒಂದೇ ಒಂದು ತೋರಿಸಬೇಕು ಅಂದರೆ ಯಾವುದು? ಚಿಕ್ಕದಿರಬೇಕು.

ರೀಲುರಂಗ
‘ಒನ್ ವೀಕ್’. ಅರ್ಧ ಗಂಟೆಯೊಳಗೆ ಮುಗಿಯುತ್ತದೆ. ಹೊಸದಾಗಿ ಮದುವೆ ಆದವರಿಗೆ ಜೋಡಿಸಿಕೊಳ್ಳುವ ಮನೆ ಉಡುಗೊರೆ ಬರುತ್ತದೆ, ಹೊಟ್ಟೆಕಿಚ್ಚಿನವನೊಬ್ಬ ಪೆಟ್ಟಿಗೆಗಳ ನಂಬರ್ ಬದಲಾಯಿಸುತ್ತಾನೆ. ಕೊನೆ ಹೇಳುವುದಿಲ್ಲ, ರೈಲು ಹಳಿ ಬಂದಾಗ ಮಕ್ಕಳ ಮುಖ ನೋಡಿ.

ಹಳೇ_ಪ್ರೊಜೆಕ್ಟರ್
ಯೂಟ್ಯೂಬಿನಲ್ಲಿ ತುಂಬಾ ಕಾಪಿ ಇವೆ. ತೀರಾ ವೇಗವಾಗಿ ಓಡುವುದನ್ನು ಬಿಟ್ಟು ರಿಪೇರಿ ಮಾಡಿದ ಪ್ರಿಂಟ್ ಹುಡುಕಿ. ಸಂಗೀತ ತಲೆ ತಿಂದರೆ ಸೌಂಡ್ ಆಫ್ ಮಾಡಿ. ಆಗ ಟಾಕೀಸಿನಲ್ಲಿ ಪಿಯಾನೊ ಇರುತ್ತಿತ್ತು, ಆದರೆ ಕೆಟ್ಟ ಸಂಗೀತಕ್ಕಿಂತ ಸಂಗೀತ ಇಲ್ಲದ್ದೇ ವಾಸಿ.

ಕುಂದಾಪ್ರ_ಕುಚುಕು
ಲಾರೆಲ್ ಹಾರ್ಡಿ ಬಗ್ಗೆ ಒಬ್ಬರೂ ಮಾತಾಡಲಿಲ್ಲವಲ್ಲ. 1927ರ ಅವರ ಕಡುಬು ಎಸೆದಾಟದ ಚಿತ್ರದ ಎರಡನೇ ರೀಲು ಎಷ್ಟೋ ದಶಕ ಕಳೆದುಹೋಗಿ 2015ರಲ್ಲಿ ಸಿಕ್ಕಿತಲ್ಲ. ಅದನ್ನು ಯಾರಾದರೂ ಪೂರ್ತಿ ನೋಡಿದ್ದೀರಾ?

ನಿರ್ವಾಹಕ
ಲಾರೆಲ್ ಹಾರ್ಡಿಗೆ ಬೇರೆ ಎಳೆ ತೆರೆಯಿರಿ, ಇದು ಆಗಲೇ ಉದ್ದ ಆಗಿದೆ. ತೆರೆದರೆ ನಾನೂ ಬರುತ್ತೇನೆ.